ಅಮ್ಮನ ಫ್ಯಾಕ್ಟರಿ ದಿನಗಳ ಡಾಕ್ಯುಮೆಂಟರಿ ಮಾಡಿಸಿದೆವು: ಕೊಟ್ಟ ದುಡ್ಡಿಗೆ ಏನು ಸಿಕ್ಕಿತು?

ಮೊದಲೇ ಹೇಳಿಬಿಡುತ್ತೇನೆ, ದುಡ್ಡು ದಂಡ ಆಗಲಿಲ್ಲ. ಆದರೆ ನಾವು ದುಡ್ಡು ಕೊಟ್ಟಿದ್ದು ಅರ್ಧ ಗಂಟೆಯ ಒಂದು ಡಾಕ್ಯುಮೆಂಟರಿಗೆ, ಅದು ಸುಮಾರಾಗಿದೆ. ಅದರ ಜೊತೆ ಹಾರ್ಡ್ ಡಿಸ್ಕ್‌ನಲ್ಲಿ ಹಾಕಿಕೊಟ್ಟ, ಕತ್ತರಿ ಹಾಕದ ಪೂರ್ತಿ ರೆಕಾರ್ಡಿಂಗ್ ಇದೆಯಲ್ಲ, ಅದು ಮಾತ್ರ ಬಂಗಾರ. ಹೀಗೆ ಯಾಕಾಯಿತು, ನೀವೂ ಮನೆಯ ಹಿರಿಯರದ್ದು ಮಾಡಿಸುವುದಾದರೆ ಏನೇನು ಕೇಳಿ ತೆಗೆದುಕೊಳ್ಳಬೇಕು ಅನ್ನುವುದನ್ನು ಬರೆಯುತ್ತಿದ್ದೇನೆ. ಸ್ವಲ್ಪ ಉದ್ದ ಆಗುತ್ತದೆ, ಬೇಜಾರು ಮಾಡಿಕೊಳ್ಳಬೇಡಿ.

ಇದನ್ನು ಮಾಡಿಕೊಟ್ಟದ್ದು ಇಬ್ಬರೇ ಇರುವ ತಂಡ. ಒಬ್ಬಳು ಹುಡುಗಿ ಪ್ರಶ್ನೆ ಕೇಳುತ್ತಾಳೆ, ಎಡಿಟಿಂಗೂ ಅವಳದೇ. ಒಬ್ಬ ಹುಡುಗ ಕ್ಯಾಮೆರಾ ಹಿಡಿಯುತ್ತಾನೆ. ಮದುವೆ, ಗೃಹಪ್ರವೇಶ ಶೂಟ್ ಮಾಡಿ ಬಾಡಿಗೆ ಕಟ್ಟುತ್ತಾರೆ. ಉಳಿದ ಹೊತ್ತಿನಲ್ಲಿ ಬೆಂಗಳೂರಿನ ಹಳೆ ಮಿಲ್ಲು, ಫ್ಯಾಕ್ಟರಿ ಕಾರ್ಮಿಕರ ನೆನಪುಗಳನ್ನು ದಾಖಲು ಮಾಡುತ್ತಾರೆ. ಮನೆಯವರು ಕೇಳಿದರೆ ಅದನ್ನೇ ದುಡ್ಡಿಗೂ ಮಾಡಿಕೊಡುತ್ತಾರೆ. ಅವರ ಹೆಸರು ಹಾಕುತ್ತಿಲ್ಲ. ಮುಂದೆ ದೂರುಗಳೂ ಬರುತ್ತವೆ, ಹೊಟ್ಟೆಪಾಡಿನ ಇಬ್ಬರ ಮೇಲೆ ಕಲ್ಲು ಹಾಕುವ ಆಸೆ ನನಗಿಲ್ಲ. ಬೇರೆ ಯಾರ ಹತ್ತಿರ ಮಾಡಿಸಿದರೂ ಈ ಮಾತುಗಳು ಉಪಯೋಗಕ್ಕೆ ಬಂದಾವು.

ನಮ್ಮಮ್ಮ ಜಾಲಹಳ್ಳಿಯ ಎಚ್‌ಎಂಟಿ ವಾಚ್ ಫ್ಯಾಕ್ಟರಿಯಲ್ಲಿ ಇದ್ದವರು. 1974ರಲ್ಲಿ ಸೇರಿದರು, ಅಸೆಂಬ್ಲಿಯಲ್ಲಿ ಕೂತು ವಾಚು ಜೋಡಿಸುತ್ತಿದ್ದರು, ಕೊನೆಗೆ ವಿಆರ್‌ಎಸ್ (ಸ್ವಯಂ ನಿವೃತ್ತಿ) ತೆಗೆದುಕೊಂಡು ಮನೆಗೆ ಬಂದರು. ಅಪ್ಪ ಅಲ್ಲೇ ಪಕ್ಕದ ಬಿಇಎಲ್ (ಭಾರತ್ ಎಲೆಕ್ಟ್ರಾನಿಕ್ಸ್) ಫ್ಯಾಕ್ಟರಿಯಲ್ಲಿ. ಅಪ್ಪ ತೀರಿಕೊಂಡ ಮೇಲೆ ಅವರ ದನಿ ಎಲ್ಲಾದರೂ ಇದೆಯಾ ಅಂತ ಮನೆಯೆಲ್ಲ ಹುಡುಕಿದೆವು. ಸಿಕ್ಕಿದ್ದು ಚಿಕ್ಕಪ್ಪನ ಮದುವೆ ಕ್ಯಾಸೆಟ್‌ನಲ್ಲಿ ಒಂದೇ ಮಾತು: "ಪಾಯಸ ಈ ಕಡೆ ಬರಲಿ." ಇಡೀ ಆಯಸ್ಸು ಬಿಇಎಲ್‌ನಲ್ಲಿ ಸವೆಸಿದ ಮನುಷ್ಯನ ದಾಖಲೆ ಅಷ್ಟೇ! ಅಮ್ಮನದ್ದಾದರೂ ಇರಲಿ ಅಂತ ತಂಗಿ ಹಟ ಹಿಡಿದಳು. ಖರ್ಚು ಇಬ್ಬರೂ ಹಂಚಿಕೊಂಡೆವು.

ಎಷ್ಟಾಯಿತು ಅಂತ ಕೇಳುತ್ತೀರಿ, ಗೊತ್ತು. ಈಗಿನ ಒಂದು ಸಾಧಾರಣ ಮದುವೆಯ ಫೋಟೋ ವಿಡಿಯೋ ಪ್ಯಾಕೇಜ್‌ಗಿಂತ ಕಡಿಮೆಯೇ ಆಯಿತು. ಅರ್ಧ ಮುಂಗಡ, ಉಳಿದ ಅರ್ಧ ಸಿನಿಮಾ ಕೈಗೆ ಬಂದ ಮೇಲೆ. ಈ ವಿಷಯದಲ್ಲಿ ಕಿರಿಕಿರಿ ಏನೂ ಇರಲಿಲ್ಲ.

ಈಗ ಅವರ ಕೆಲಸಕ್ಕೆ ಬರೋಣ. ಮೊದಲ ಸಲ ಬಂದಾಗ ಕ್ಯಾಮೆರಾನೇ ತರಲಿಲ್ಲ. ಕಾಫಿ ಕುಡಿದು, ಹಳೇ ಆಲ್ಬಂ ನೋಡಿ, ಟ್ರಂಕಿನಲ್ಲಿದ್ದ ಪೇ ಸ್ಲಿಪ್ಪು, ಗೇಟ್ ಪಾಸು, ಪಿಎಫ್ ಚೀಟಿಗಳನ್ನೆಲ್ಲ ಹರವಿಕೊಂಡು ಕೂತರು. ಯಾವುದನ್ನೂ ತೆಗೆದುಕೊಂಡು ಹೋಗಲಿಲ್ಲ. ಪುಟ್ಟ ಸ್ಕ್ಯಾನರ್ ತಂದು ನಮ್ಮ ಊಟದ ಟೇಬಲ್ ಮೇಲೇ ಎಲ್ಲವನ್ನೂ ಸ್ಕ್ಯಾನ್ ಮಾಡಿ, ಇದ್ದ ಹಾಗೇ ಕಟ್ಟಿಟ್ಟರು. ಈ ಒಂದು ಶಿಸ್ತಿಗೆ ಪೂರ್ತಿ ಮಾರ್ಕ್ಸ್. ಹಳೇ ಫೋಟೋ ಕೊಟ್ಟು ಕಳೆದುಕೊಂಡ ಕಥೆ ಯಾವ ಮನೆಯಲ್ಲಿ ಇಲ್ಲ ಹೇಳಿ.

ಆಮೇಲೆ ಆ ಹುಡುಗಿ ಅಮ್ಮನನ್ನು ಜಾಲಹಳ್ಳಿಯ ಎಚ್‌ಎಂಟಿ ಹೆರಿಟೇಜ್ ಮ್ಯೂಸಿಯಂಗೆ ಕರೆದುಕೊಂಡು ಹೋದಳು. ಅದೂ ಕ್ಯಾಮೆರಾ ಇಲ್ಲದೆ, ಸುಮ್ನೆ ಸುತ್ತಾಡಿಸಲು. ಗಾಜಿನ ಹಿಂದೆ ಸಾಲು ಸಾಲು ವಾಚು ನೋಡಿ ಅಮ್ಮ ಭಾವುಕರಾಗುತ್ತಾರೆ ಅಂತ ನಾವು ಅಂದುಕೊಂಡಿದ್ದೆವು. ಅವರು ಒಂದು ವಾಚಿನ ಮುಂದೆ ನಿಂತು, "ಇದರ ಮುಳ್ಳು ಕೂರಿಸೋದು ಬಹಳ ಪೀಕಲಾಟ, ಡಯಲ್‌ಗೆ ತಾಗಿಬಿಡೋದು" ಅಂದರಂತೆ. ಹುಡುಗಿ ಅಲ್ಲೇ ನೋಟ್ ಮಾಡಿಕೊಂಡಿದ್ದಾಳೆ. ಶೂಟಿಂಗ್‌ನಲ್ಲಿ ಆ ಮಾತಿಂದಲೇ ಶುರು ಮಾಡಿದಳು.

ನನಗೆ ಇವರು ಇಷ್ಟವಾಗಿದ್ದು ಇಲ್ಲೇ. ಎಚ್‌ಎಂಟಿ ಅಂದ ಕೂಡಲೇ ಎಲ್ಲರೂ ಕೇಳುವುದು ಒಂದೇ: "ಮುಚ್ಚಿದಾಗ ಹೇಗನ್ನಿಸಿತು?" 2016ರಲ್ಲಿ ವಾಚ್ ಕಂಪನಿ ಮುಚ್ಚುವ ತೀರ್ಮಾನ ಆದಾಗ ಪೇಪರಿನವರು, ಟಿವಿಯವರು ಕೇಳಿದ್ದೂ ಅದನ್ನೇ. ಬೇಜಾರಾಯಿತು ಅನ್ನದೆ ಜನ ಇನ್ನೇನು ಹೇಳುತ್ತಾರೆ? ಈ ಹುಡುಗಿ ಕೇಳಿದ ಮೊದಲ ಪ್ರಶ್ನೆ: "ಅಮ್ಮಾ, ಬೆಳಗ್ಗೆ ಸೀಟಲ್ಲಿ ಕೂತ ತಕ್ಷಣ ನಿಮ್ಮ ಕೈ ಮೊದಲು ಎಲ್ಲಿಗೆ ಹೋಗ್ತಿತ್ತು?" ಅಮ್ಮ ಎರಡು ಕ್ಷಣ ಸುಮ್ಮನಿದ್ದು, ಬಲಗೈ ಎತ್ತಿ ಗಾಳಿಯಲ್ಲಿ ಚಿಮಟ ಹಿಡಿದ ಹಾಗೆ ಬೆರಳು ಮಡಿಸಿದರು. ಅಲ್ಲಿಂದ ಮಾತು ನಿಲ್ಲಲೇ ಇಲ್ಲ.

ಎರಡನೆಯದು ಇನ್ನೂ ಚೆನ್ನಾಗಿತ್ತು. "ಮನೆಕೆಲಸಕ್ಕೂ ಫ್ಯಾಕ್ಟರಿ ಕೆಲಸಕ್ಕೂ ಜಗಳ ಬರ್ತಿತ್ತಾ?" ಅಂತ. ಅಮ್ಮ ಹೇಳಿದರು, "ಬೆಳಗ್ಗೆ ಬಟ್ಟೆ ಒಗೆದು ಹೋದ ದಿನ ಕೈ ನಡುಗೋದು ಕಣಮ್ಮಾ. ಹಿಂಡಿ ಹಿಂಡಿ ಬೆರಳಲ್ಲಿ ಹಿಡಿತ ಇರ್ತಿರಲಿಲ್ಲ. ಅದಕ್ಕೇ ಬಟ್ಟೆ ಸಂಜೆಗೆ ಇಟ್ಕೊಂಡಿದ್ದು." ನಮ್ಮ ಮನೆಯಲ್ಲಿ ಯಾವಾಗಲೂ ಸಂಜೆಯೇ ಬಟ್ಟೆ ಒಗೆಯುತ್ತಿದ್ದದ್ದು. ದೀಪ ಹಚ್ಚುವ ಹೊತ್ತಲ್ಲಿ ಒಗೆಯಬಾರದು ಅಂತ ಅಜ್ಜಿ ಅದಕ್ಕೆ ಅಮ್ಮನನ್ನು ಬೈಯುತ್ತಿದ್ದದ್ದು ನನಗೂ ತಂಗಿಗೂ ಚೆನ್ನಾಗಿ ನೆನಪಿದೆ. ಕಾರಣ ಗೊತ್ತಾಗಿದ್ದು ಈಗ, ಹೊರಗಿನ ಹುಡುಗಿಯೊಬ್ಬಳು ಕೇಳಿದ್ದರಿಂದ.

ಶೂಟಿಂಗ್ ನಡೆದಿದ್ದು ನಮ್ಮ ಮನೆಯಲ್ಲೇ. ಫ್ಯಾನ್ ಆಫ್, ಫ್ರಿಜ್ ಆಫ್, ಪಕ್ಕದ ಮನೆಯ ಕುಕ್ಕರ್ ಮಾತ್ರ ನಮ್ಮ ಕೈಲಿರಲಿಲ್ಲ. ಟ್ಯೂಬ್‌ಲೈಟ್ ಕೆಳಗೆ ತೆಗೆದರೆ ಚಿತ್ರದಲ್ಲಿ ಪಟ್ಟೆ ಪಟ್ಟೆ ಬರುತ್ತದಲ್ಲ, ಅದಕ್ಕೆ ಹುಡುಗ ಕಾರಣ ಹೇಳಿದ. ನಮ್ಮ ಕರೆಂಟು 50 ಹರ್ಟ್ಸ್. ಕ್ಯಾಮೆರಾವನ್ನು ಸೆಕೆಂಡಿಗೆ 25 ಫ್ರೇಮಿಗೆ, ಶಟರನ್ನು ಐವತ್ತರಲ್ಲಿ ಒಂದು ಸೆಕೆಂಡಿಗೆ ಇಟ್ಟರೆ ಪಟ್ಟೆ ಬರುವುದಿಲ್ಲವಂತೆ. ಫೋನಿನಲ್ಲೇ ತೆಗೆದುಕೊಳ್ಳುತ್ತೇನೆ ಅನ್ನುವವರು ಇದನ್ನು ಗುರುತು ಹಾಕಿಕೊಳ್ಳಿ. ಎಲ್ಲ ಮುಗಿದ ಮೇಲೆ ಒಂದು ನಿಮಿಷ ಯಾರೂ ಮಾತಾಡಬೇಡಿ, ಖಾಲಿ ಕೋಣೆಯ ಸದ್ದು ಬೇಕು ಅಂದ. ಎಡಿಟಿಂಗ್‌ನಲ್ಲಿ ಮಾತಿನ ನಡುವಿನ ಬಿರುಕು ಮುಚ್ಚಲು ಅದು ಬೇಕಾಗುತ್ತದಂತೆ. ಅಮ್ಮನಿಗೆ ಆ ಒಂದು ನಿಮಿಷ ನಗು ತಡೆಯಲು ಆಗಲಿಲ್ಲ. ಮತ್ತೆ ತೆಗೆಯಬೇಕಾಯಿತು.

ಇಡೀ ರೆಕಾರ್ಡಿಂಗ್‌ನಲ್ಲಿ ನನಗೆ ಅತಿ ಇಷ್ಟವಾದ ಭಾಗ ವಾಚು ಬಿಚ್ಚಿದ್ದು. ಅಪ್ಪನ ಹಳೇ ಎಚ್‌ಎಂಟಿ ಜನತಾ ವಾಚು ನಿಂತುಹೋಗಿ ವರ್ಷಗಳೇ ಆಗಿವೆ. ಹುಡುಗಿ ಅದನ್ನು ಬಿಳಿ ಬಟ್ಟೆಯ ಮೇಲಿಟ್ಟು, "ಅಮ್ಮಾ, ಇದರೊಳಗೆ ನಿಮ್ಮ ಕೆಲಸ ಎಲ್ಲಿದೆ ತೋರಿಸಿ" ಅಂದಳು. ಅಮ್ಮ ಹಿಂದಿನ ಮುಚ್ಚಳ ತೆಗೆಸಿ, ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಬಗ್ಗಿದರು. ಕ್ಯಾಮೆರಾ ಬೆರಳಿನ ತೀರ ಹತ್ತಿರ ಬಂತು. "ಇದು ಬ್ಯಾಲೆನ್ಸ್ ವೀಲು. ಇದರ ಮೇಲಿರೋ ಸುರುಳಿ ನೋಡು, ಇದೇ ಹೇರ್ ಸ್ಪ್ರಿಂಗ್. ಈ ಸುರುಳಿ ಒಂದಕ್ಕೊಂದು ಅಂಟಬಾರದು. ಮ್ಯಾಗ್ನೆಟ್ ಹತ್ತಿರ ಹೋಯ್ತೋ, ಅಂಟಿಕೊಂಡು ವಾಚು ಓಡೋಕೆ ಶುರು ಮಾಡುತ್ತೆ." ಅಂದರೆ ಫಾಸ್ಟ್ ಆಗುತ್ತದೆ ಅಂತ. ಆಮೇಲೆ ಹದಿನೇಳು ಜ್ಯುವೆಲ್ ಅಂದರೆ ಹದಿನೇಳು ಸಣ್ಣ ಕೆಂಪು ಕಲ್ಲು, ಚಕ್ರದ ಅಚ್ಚು ತಿರುಗುವ ಜಾಗದಲ್ಲಿ ಸವೆಯಬಾರದು ಅಂತ ಕೂರಿಸುತ್ತಾರೆ ಅಂತ ಒಂದೊಂದೇ ತೋರಿಸಿದರು. ಡಯಲ್ ಮೇಲೆ ಪ್ಯಾರಾ ಶಾಕ್ ಅಂತ ಬರೆದಿರುತ್ತದಲ್ಲ, ವಾಚು ಕೆಳಗೆ ಬಿದ್ದರೂ ಬ್ಯಾಲೆನ್ಸಿನ ಅಚ್ಚು ಮುರಿಯದ ಹಾಗೆ ಇರುವ ಸಣ್ಣ ಸ್ಪ್ರಿಂಗ್ ವ್ಯವಸ್ಥೆ ಅದು. ಜಪಾನಿನ ಸಿಟಿಜನ್ ಕಂಪನಿಯ ಜೊತೆ ಸೇರಿ 1961ರಲ್ಲಿ ಶುರುವಾದ ಫ್ಯಾಕ್ಟರಿ ಅಲ್ವಾ, ಆ ವಿದ್ಯೆ ಅಲ್ಲಿಂದಲೇ ಬಂದದ್ದು.

ನಂಬುತ್ತೀರೋ ಇಲ್ಲವೋ, ಕೊನೆಗೆ ಚಿಮಟದ ತುದಿಯಲ್ಲಿ ಆ ಚಕ್ರವನ್ನು ಒಂದಿಷ್ಟು ಸರಿಸಿದಾಗ ಅದು ನಾಲ್ಕಾರು ಸಲ ಆಡಿ ನಿಂತಿತು. ಅಮ್ಮ ಉಸಿರು ಬಿಟ್ಟಿದ್ದು ಕಾಲರ್ ಮೈಕ್‌ನಲ್ಲಿ ಸ್ಪಷ್ಟವಾಗಿ ಕೇಳುತ್ತದೆ. "ಜೀವ ಇದೆ, ಎಣ್ಣೆ ಒಣಗಿದೆ ಅಷ್ಟೇ" ಅಂದರು. ಈ ಮೂವ್‌ಮೆಂಟ್, ಅಂದರೆ ವಾಚಿನ ಒಳಗಿನ ಯಂತ್ರ, ಸರಿಯಾಗಿದ್ದರೆ ಗಂಟೆಗೆ 18,000 ಸಲ ಬಡಿಯಬೇಕು, ಅಂದರೆ ಸೆಕೆಂಡಿಗೆ ಐದು. ಅಮ್ಮ ಅದನ್ನು ಲೆಕ್ಕದಲ್ಲಿ ಹೇಳಲಿಲ್ಲ. ಟೇಬಲ್ ಮೇಲೆ ಉಗುರಲ್ಲಿ ತಾಳ ಹಾಕಿ ತೋರಿಸಿದರು.

ಈ ಭಾಗ ಕಚ್ಚಾ ರೆಕಾರ್ಡಿಂಗ್‌ನಲ್ಲಿ ಮುಕ್ಕಾಲು ಗಂಟೆ ಇದೆ. ಸಿನಿಮಾದಲ್ಲಿ ಎಷ್ಟು ಉಳಿದಿದೆ ಗೊತ್ತಾ? ಒಂದು ನಿಮಿಷ ಕೂಡ ಇಲ್ಲ. ಅದರ ಮೇಲೂ ಕೊಳಲು.

ಹೌದು, ದೂರು ಇಲ್ಲಿಂದ ಶುರು. ಇಷ್ಟು ಚೆನ್ನಾಗಿ ಕೇಳಲು ಗೊತ್ತಿರುವವರಿಗೆ ಎಡಿಟಿಂಗ್ ಟೇಬಲ್ ಮುಂದೆ ಕೂತ ತಕ್ಷಣ ಏನಾಗುತ್ತದೋ ದೇವರಿಗೇ ಗೊತ್ತು. ಸಿನಿಮಾ ತೆರೆದುಕೊಳ್ಳುವುದು ಡ್ರೋನ್ ಶಾಟ್‌ನಿಂದ. ಸೂರ್ಯೋದಯ, ಅಪಾರ್ಟ್‌ಮೆಂಟುಗಳು, ಮೆಟ್ರೋ. ಹಿಂದೆ ಅಳು ಬರಿಸುವ ಪಿಟೀಲು. ಆಮೇಲೆ ಒಬ್ಬ ಗಂಭೀರ ದನಿಯ ಗಂಡಸು, "ಕಾಲಗರ್ಭದಲ್ಲಿ ಕರಗಿಹೋದ ಶ್ರಮಸಂಸ್ಕೃತಿಯ ಕುರುಹುಗಳನ್ನು ಅರಸುತ್ತಾ" ಅಂತ ಓದುತ್ತಾನೆ. ಅಮ್ಮ ಕೇಳಿದ್ದು, "ಯಾರು ಇವರು? ನಮ್ಮ ಫ್ಯಾಕ್ಟರಿಯಲ್ಲಿ ಇದ್ದರಾ?" ನಾವೆಲ್ಲ ಬಿದ್ದು ಬಿದ್ದು ನಕ್ಕೆವು, ಹುಡುಗಿಯೂ ನಕ್ಕಳು. ಆದರೆ ಮಾತು ನಿಜ ತಾನೇ? ಅಮ್ಮನ ಬಾಯಲ್ಲಿ ಇಷ್ಟು ಗಟ್ಟಿ ಕನ್ನಡ ಇರುವಾಗ ಬಾಡಿಗೆ ದನಿ ಯಾಕೆ ಬೇಕು?

ಮುಷ್ಕರದ ಭಾಗಕ್ಕೆ ಮಾಡಿದ್ದು ಇನ್ನೂ ಹೊಟ್ಟೆ ಉರಿಸಿತು. 1980ರ ಡಿಸೆಂಬರ್ ಕೊನೆಯಲ್ಲಿ ಬೆಂಗಳೂರಿನ ಸಾರ್ವಜನಿಕ ಉದ್ದಿಮೆಗಳ ಕಾರ್ಮಿಕರು ಒಟ್ಟಿಗೆ ಕೆಲಸ ನಿಲ್ಲಿಸಿದರು. ಎಚ್‌ಎಎಲ್, ಬಿಇಎಲ್, ಎಚ್‌ಎಂಟಿ, ಐಟಿಐ, ಬಿಇಎಂಎಲ್ ಎಲ್ಲ. ಇನ್ನೊಂದು ಸಾರ್ವಜನಿಕ ಉದ್ದಿಮೆಯಾದ ಬಿಎಚ್‌ಇಎಲ್‌ನವರಿಗೆ ಕೊಡುವಷ್ಟು ಸಂಬಳ ನಮಗೂ ಕೊಡಿ ಅನ್ನುವುದು ಮುಖ್ಯ ಬೇಡಿಕೆ. 77 ದಿನ ನಡೆಯಿತು. ಈಗಿನ ಹುಡುಗರಿಗೆ ಈ ಊರಲ್ಲಿ ಅಂಥದ್ದೊಂದು ಆಗಿತ್ತು ಅಂದರೆ ಕಥೆ ಅನ್ನಿಸಬಹುದು. ನಮ್ಮ ಮನೆಯಲ್ಲಿ ಅಪ್ಪ ಬಿಇಎಲ್, ಅಮ್ಮ ಎಚ್‌ಎಂಟಿ. ಎರಡೂ ಸಂಬಳ ಒಟ್ಟಿಗೆ ನಿಂತುಹೋಯಿತು.

ಅಮ್ಮ ಕ್ಯಾಮೆರಾ ಮುಂದೆ ಹೇಳಿದ್ದು ಇದು. ಶೆಟ್ಟರ ಅಂಗಡಿಯಲ್ಲಿ ಮೊದಲ ತಿಂಗಳು ಬರೆಸಿ ತಂದರು. ಎರಡನೇ ತಿಂಗಳು ಶೆಟ್ಟರೇ, "ಅಮ್ಮಾ, ಅಕ್ಕಿ ಬೇಳೆ ತಗೊಂಡು ಹೋಗಿ, ಸೋಪು ಪೌಡರ್ ಮಾತ್ರ ಕೇಳಬೇಡಿ" ಅಂದರಂತೆ. ಬಳೆ ಗಿರವಿಗೆ ಹೋಯಿತು. ಅಪ್ಪ ದಿನಾ ಗೇಟ್ ಮೀಟಿಂಗ್‌ಗೆ ನಡೆದೇ ಹೋಗುತ್ತಿದ್ದರು. ಮುಷ್ಕರ ಮುಗಿದು ಫ್ಯಾಕ್ಟರಿಗೆ ವಾಪಸ್ ಹೋದಾಗ ಮೊದಲ ವಾರ ಕೈ ಮಾತು ಕೇಳಲಿಲ್ಲವಂತೆ. ಪಕ್ಕದ ಸೀಟಿನವರದ್ದೂ ಅದೇ ಪಾಡು. ಸೂಪರ್‌ವೈಸರ್ ನೋಡಿಯೂ ನೋಡದ ಹಾಗೆ ಇದ್ದುಬಿಟ್ಟರಂತೆ. "ಅವರಿಗೂ ಹೆಂಡತಿ ಮಕ್ಕಳು ಇದ್ದರಲ್ಲ" ಅಂದರು ಅಮ್ಮ.

ಎಷ್ಟು ಸಾರಿ ಕೇಳಿದರೂ ಬೇಜಾರಾಗದ ಮಾತು ಇದು. ಸಂಬಳ ಎಷ್ಟು ಏರಿತು, ಯಾವ ಲೀಡರ್ ಏನು ಭಾಷಣ ಮಾಡಿದ ಅನ್ನುವುದು ಹಳೇ ಪೇಪರಿನಲ್ಲಿ ಸಿಗುತ್ತದೆ. ಸೋಪಿಗೆ ಸಾಲ ಇಲ್ಲ ಅಂದ ಶೆಟ್ಟರು, ಮಾತು ಕೇಳದ ಬೆರಳು, ಇದೆಲ್ಲ ಎಲ್ಲಿ ಸಿಗುತ್ತದೆ? ಸಿನಿಮಾದಲ್ಲಿ ಇಷ್ಟೂ ಹೋಗಿ, ಅಮ್ಮ "ಬಹಳ ಕಷ್ಟ ಆಯ್ತು" ಅನ್ನುವ ಒಂದು ಸಾಲು ಉಳಿದಿತ್ತು. ಅದಕ್ಕೆ ಕಣ್ಣೀರಿನ ಕ್ಲೋಸಪ್ಪು. ಆ ಕಣ್ಣೀರು ಬಂದಿದ್ದು ಮುಷ್ಕರದ ಮಾತಿಗಲ್ಲ, ಅಪ್ಪನ ವಾಚು ನೋಡಿದಾಗ! ಅಲ್ಲಿಂದ ಕಿತ್ತು ಇಲ್ಲಿಗೆ ಅಂಟಿಸಿದ್ದರು. ಇದನ್ನು ನಾನು ಒಪ್ಪಲೇ ಇಲ್ಲ. ಸುಳ್ಳು ಸಾಕ್ಷಿ ಅಂತ ನೇರವಾಗಿಯೇ ಹೇಳಿದೆ. ಹುಡುಗ ಸ್ವಲ್ಪ ಮುಖ ಊದಿಸಿಕೊಂಡ. ಹುಡುಗಿ ತಲೆ ಕೆರೆದುಕೊಂಡು, ತೆಗೆಯುತ್ತೇವೆ ಅಂದಳು, ತೆಗೆದಳು.

ಇನ್ನೊಂದು ದೂರು ಧ್ವನಿಯದು. ಅಮ್ಮನ ಜೊತೆ ಕೆಲಸ ಮಾಡುತ್ತಿದ್ದ ನಾಲ್ವರು ಗೆಳತಿಯರನ್ನು ಒಂದು ದಿನ ಮನೆಗೆ ಕರೆಸಿದ್ದೆವು. ಐದು ಜನ ಹೆಂಗಸರು, ಎರಡೇ ಕಾಲರ್ ಮೈಕು. ಮೊದಲೇ ಫೋನಿನಲ್ಲಿ ಐದು ಜನ ಅಂತ ಹೇಳಿದ್ದೆವು. ಒಬ್ಬರಿಗೆ ಮೈಕ್ ಇದ್ದರೆ ಇನ್ನೊಬ್ಬರ ಮಾತು ಬಾವಿಯೊಳಗಿಂದ ಬಂದ ಹಾಗೆ ಕೇಳುತ್ತದೆ. ಅತ್ಯಂತ ಒಳ್ಳೇ ಮಾತುಕತೆ ಅದೇ. ಒಬ್ಬರೇ ಕೂತು ಹೇಳುವಾಗ ಬರದ ವಿಷಯ, ಐದು ಜನ ಕಚ್ಚಾಡುವಾಗ ತಾನಾಗಿ ಬರುತ್ತದೆ. ಶಿಫ್ಟ್ ಬಸ್ಸಿನಲ್ಲಿ ಯಾರು ಯಾರಿಗೆ ಸೀಟು ಹಿಡಿಯುತ್ತಿದ್ದರು, ಚೀಟಿ ಹಾಕಿದ ದುಡ್ಡಲ್ಲಿ ಯಾರು ಮಿಕ್ಸಿ ತಗೊಂಡರು, ಬಸುರಿಯಾಗಿದ್ದವಳ ಪಾಲಿನ ಕೆಲಸವನ್ನು ಅಕ್ಕಪಕ್ಕದವರು ಸದ್ದಿಲ್ಲದೆ ಹೇಗೆ ಮುಗಿಸಿಕೊಡುತ್ತಿದ್ದರು, ಎಲ್ಲ ಬಂತು. ಒಬ್ಬರು "ಕ್ಯಾಂಟೀನ್ ಚಿತ್ರಾನ್ನ ಚೆನ್ನಾಗಿತ್ತು" ಅಂದರೆ ಇನ್ನೊಬ್ಬರು "ಹೋಗೇ, ಅದಕ್ಕೆ ನಿಂಬೆಹಣ್ಣೇ ಹಾಕ್ತಿರಲಿಲ್ಲ" ಅನ್ನುವುದು. ಇದರಲ್ಲಿ ಕಾಲು ಭಾಗ ಅರ್ಥವೇ ಆಗುವುದಿಲ್ಲ. ಮಧ್ಯದಲ್ಲಿ ಒಂದು ಸಾಮಾನ್ಯ ರೆಕಾರ್ಡರ್ ಇಟ್ಟಿದ್ದರೂ ಸಾಕಿತ್ತು. ಚಿತ್ರ ಮಬ್ಬಾದರೆ ಸಹಿಸಬಹುದು, ಮಾತು ಕೇಳದಿದ್ದರೆ ಏನಿದ್ದು ಏನು ಪ್ರಯೋಜನ?

ತಡವೂ ಆಯಿತು. ಯುಗಾದಿಗೆ ಕೊಡುತ್ತೇವೆ ಅಂದವರು ಕೊಟ್ಟಿದ್ದು ಗಣೇಶನ ಹಬ್ಬ ಕಳೆದ ಮೇಲೆ. ಮದುವೆ ಸೀಸನ್ ಬಂದರೆ ನಮ್ಮಂಥವರ ಕೆಲಸ ಮೂಲೆಗೆ. ಫೋನ್ ಮಾಡಿದರೆ ಎತ್ತುತ್ತಾರೆ, ಸುಳ್ಳು ಹೇಳುವುದಿಲ್ಲ, ಅದೊಂದು ಸಮಾಧಾನ.

ಇನ್ನು ಒಪ್ಪಂದದ ವಿಷಯ. ಇದನ್ನು ದಯವಿಟ್ಟು ಓದಿ. ಇವರು ಮೊದಲು ಕೊಟ್ಟ ಕಾಗದ ಪೂರ್ತಿ ಇಂಗ್ಲಿಷಿನಲ್ಲಿ ಇತ್ತು. ಅಮ್ಮ ಸೈನ್ ಹಾಕುವ ಕಾಗದ ಅಮ್ಮನಿಗೇ ಓದಲು ಬರದಿದ್ದರೆ ಹೇಗೆ ಅಂತ ತಂಗಿ ತಕರಾರು ತೆಗೆದಳು. ಕನ್ನಡದ್ದು ಬಂತು. ಅದರಲ್ಲಿ ಒಂದು ಸಾಲು: ಚಿತ್ರದ ಎಲ್ಲ ಹಕ್ಕು ತಂಡದ್ದು. ನಮ್ಮ 1957ರ ಕಾಪಿರೈಟ್ ಕಾಯ್ದೆ ಏನು ಹೇಳುತ್ತದೆ ಅಂದರೆ, ನೀವು ದುಡ್ಡು ಕೊಟ್ಟು, ನಿಮ್ಮ ಕೋರಿಕೆ ಮೇಲೆ ಸಿನಿಮಾ ಮಾಡಿಸಿದ್ದರೆ, ಬೇರೆ ಒಪ್ಪಂದ ಇಲ್ಲದೇ ಇದ್ದಲ್ಲಿ ಮೊದಲ ಹಕ್ಕುದಾರರು ನೀವೇ. ಆದ್ದರಿಂದಲೇ ಆ ಸಾಲು ಹಾಕಿರುತ್ತಾರೆ, ಕಣ್ಣು ಮುಚ್ಚಿ ಸೈನ್ ಹಾಕಿದರೆ ಹಕ್ಕು ಕೈ ಬಿಟ್ಟ ಹಾಗೆ. ನಾವು ಮಾತಾಡಿ ಬದಲಾಯಿಸಿಕೊಂಡೆವು. ಹಕ್ಕು ನಮ್ಮದು. ಚಿತ್ರೋತ್ಸವ, ಕಾಲೇಜುಗಳಲ್ಲಿ ತೋರಿಸಲು ಅವರಿಗೆ ಅನುಮತಿ. ಜಾಹೀರಾತಿಗೆ ಬಳಸುವ ಹಾಗಿಲ್ಲ. ಕಚ್ಚಾ ರೆಕಾರ್ಡಿಂಗ್ ಪೂರ್ತಿ ನಮಗೆ ಕೊಡಬೇಕು. ಗಲಾಟೆ ಇಲ್ಲದೆ ಒಪ್ಪಿದರು. ಮೊದಲೇ ಹೀಗೆ ಬರೆದಿದ್ದರೆ ಇನ್ನೂ ಚೆನ್ನಾಗಿತ್ತು.

ಒಂದು ವಿಷಯದಲ್ಲಿ ಮಾತ್ರ ಅವರನ್ನು ಎಷ್ಟು ಹೊಗಳಿದರೂ ಕಡಿಮೆ. ಅಮ್ಮ ಮಾತಿನ ಭರದಲ್ಲಿ ಹಳೇ ಮೇಲಧಿಕಾರಿ ಒಬ್ಬರ ಹೆಸರು ಹೇಳಿ, ಅವರು ಹೊಸ ಹುಡುಗಿಯರ ಜೊತೆ ಹೇಗೆ ನಡೆದುಕೊಳ್ಳುತ್ತಿದ್ದರು ಅಂತ ಹೇಳಿಬಿಟ್ಟಿದ್ದರು. ರಾತ್ರಿ ನಿದ್ದೆ ಬರಲಿಲ್ಲವಂತೆ. ಬೆಳಗ್ಗೆ ಫೋನ್ ಮಾಡಿ, "ಅದು ಬೇಡಮ್ಮ, ಅವರ ಮನೆಯವರು ಇದ್ದಾರೆ" ಅಂದರು. ಹುಡುಗಿ ವಾದ ಮಾಡಲಿಲ್ಲ. ಘಟನೆ ಇರಲಿ, ಹೆಸರು ಮಾತ್ರ ತೆಗೆಯಲಾ ಅಂತ ಕೇಳಿದಳು. ಅಮ್ಮ ಹೂಂ ಅಂದರು. ಸಿನಿಮಾದಲ್ಲಷ್ಟೇ ಅಲ್ಲ, ನಮಗೆ ಕೊಟ್ಟ ರೆಕಾರ್ಡಿಂಗ್‌ನಲ್ಲೂ ಆ ಹೆಸರಿನ ಜಾಗ ಮೌನವಾಗಿದೆ. ಹೇಳಿದ ಮಾತನ್ನು ವಾಪಸ್ ತೆಗೆದುಕೊಳ್ಳುವ ಹಕ್ಕು ಹೇಳಿದವರಿಗೆ ಇರಬೇಕು. ದೊಡ್ಡ ದೊಡ್ಡ ಚಾನೆಲ್‌ಗಳಿಗೆ ಇಲ್ಲದ ಮರ್ಯಾದೆ ಇದು.

ನಾವು ಗೊಣಗಿದ ಮೇಲೆ ಎರಡನೇ ಆವೃತ್ತಿ ಮಾಡಿಕೊಟ್ಟರು, ಸ್ವಲ್ಪ ಹೆಚ್ಚಿನ ದುಡ್ಡಿಗೆ. ಪಿಟೀಲು ಇಲ್ಲ, ಬಾಡಿಗೆ ದನಿ ಇಲ್ಲ, ಡ್ರೋನ್ ಇಲ್ಲ. ಒಂದು ಗಂಟೆ ಹತ್ತು ನಿಮಿಷ ಇದೆ. ವಾಚು ಬಿಚ್ಚಿದ್ದು ಹೆಚ್ಚುಕಡಿಮೆ ಪೂರ್ತಿ ಇದೆ. ಇದು ಯಾವ ಚಿತ್ರೋತ್ಸವಕ್ಕೂ ಹೋಗಲ್ಲ ಆಂಟಿ ಅಂದ ಹುಡುಗ. ಹೋಗದಿದ್ದರೆ ಬೇಡ ಬಿಡಪ್ಪ. ಅದನ್ನು ನಮ್ಮ ಮಹಡಿ ಮೇಲೆ ಬಿಳಿ ಪಂಚೆ ಕಟ್ಟಿ, ಪ್ರೊಜೆಕ್ಟರ್ ಬಾಡಿಗೆಗೆ ತಂದು ತೋರಿಸಿದೆವು. ಬೀದಿಯಲ್ಲಿ ಅರ್ಧಕ್ಕರ್ಧ ಎಚ್‌ಎಂಟಿ, ಬಿಇಎಲ್‌ನಿಂದ ನಿವೃತ್ತರಾದವರೇ. ಯಾರೂ ಸುಮ್ನೆ ಕೂತು ನೋಡಲಿಲ್ಲ. "ಅಲ್ಲಿ ಕಾಣೋದು ಆ ಗೇಟ್ ಅಲ್ಲ, ಹಿಂದಿನ ಗೇಟು." "ಆ ಫೋಟೋದಲ್ಲಿ ಎಡಗಡೆ ನಿಂತಿರೋಳು ನಾನೇ ಕಣ್ರೀ." "ಬಳೆ ಗಿರವಿ ಇಟ್ಟಿದ್ದು ನೀನೊಬ್ಬಳೇನಾ?" ಹುಡುಗಿ ಬುದ್ಧಿವಂತೆ, ಹಿಂದೆ ನಿಂತು ಈ ಗಲಾಟೆಯನ್ನೂ ರೆಕಾರ್ಡ್ ಮಾಡಿಕೊಂಡಳು. ಆ ಫೈಲ್ ಕೂಡ ನಮ್ಮ ಡಿಸ್ಕ್‌ನಲ್ಲಿದೆ, ದುಡ್ಡು ಕೇಳಲಿಲ್ಲ.

ಇದೆಲ್ಲ ಯಾಕೆ ಬೇಕು, ಹಳೇ ವಾಚಿನ ಫೋಟೋ ಇಂಟರ್‌ನೆಟ್ ತುಂಬ ಇದೆಯಲ್ಲ ಅಂತ ನಮ್ಮ ಭಾವನೇ ಕೇಳಿದರು. ಇದೆ. ಫ್ಯಾಕ್ಟರಿ ಮುಚ್ಚಿದ ಮೇಲಂತೂ ಜನತಾ, ಪೈಲಟ್ ಹುಡುಕಿ ಕೊಂಡು, ಕೈಗೆ ಕಟ್ಟಿ ಫೋಟೋ ಹಾಕುವವರು ಜಾಸ್ತಿಯೇ ಆಗಿದ್ದಾರೆ. ವಾಚಿಗೆ ಅಭಿಮಾನಿಗಳು ಸಿಕ್ಕರು, ಜೋಡಿಸಿದ ಹೆಂಗಸರನ್ನು ಕೇಳಿದವರು ಕಡಿಮೆ. ಮಲ್ಲೇಶ್ವರದ ಸಂಪಿಗೆ ರಸ್ತೆ ತುದಿಯ ದೊಡ್ಡ ಮಾಲ್‌ಗೆ ಹೋಗುವವರಲ್ಲಿ ಅಲ್ಲಿ ರಾಜಾ ಮಿಲ್ ಇತ್ತು ಅಂತ ಎಷ್ಟು ಜನರಿಗೆ ಗೊತ್ತು? ಇನ್ನೊಂದು ಕಡೆ 1884ರಲ್ಲಿ ಶುರುವಾದ ಬಟ್ಟೆ ಮಿಲ್ಲು ಆಮೇಲೆ ಬಿನ್ನಿ ಮಿಲ್ ಆಯಿತು, ಈಗ ಆ ಕಡೆ ಹೋದರೆ ಅಪಾರ್ಟ್‌ಮೆಂಟು. ಬಡಾವಣೆಗೆ ಹೆಸರು ಉಳಿಯಿತು, ಬಿನ್ನಿಪೇಟೆ ಅಂತ. ಅಲ್ಲಿ ನೂಲಿನ ಧೂಳು ಕುಡಿದವರ ಮಾತು ಎಷ್ಟು ಮನೆಯಲ್ಲಿ ಉಳಿದಿದೆಯೋ. ಬೈಯಪ್ಪನಹಳ್ಳಿಯ ಎನ್‌ಜಿಇಎಫ್, ಮೈಸೂರು ಲ್ಯಾಂಪ್ಸ್ ಎಲ್ಲದರದ್ದೂ ಅದೇ ಕಥೆ.

ಅಷ್ಟೇ ಅಲ್ಲ, ಇವರು ನಿವೃತ್ತರ ಹಿಂದೆ ಮಾತ್ರ ಬಿದ್ದಿಲ್ಲ ಅನ್ನುವುದೂ ನನಗೆ ಹಿಡಿಸಿತು. ಪೀಣ್ಯ, ಲಗ್ಗೆರೆ ಕಡೆಯ ಗಾರ್ಮೆಂಟ್ಸ್ ಹೆಂಗಸರನ್ನು ಈಗಲೇ, ಕೆಲಸದಲ್ಲಿ ಇರುವಾಗಲೇ ಮಾತಾಡಿಸಿ ಇಡುತ್ತಿದ್ದಾರೆ. 2016ರ ಏಪ್ರಿಲ್‌ನಲ್ಲಿ ಪಿಎಫ್ ದುಡ್ಡು ತೆಗೆಯುವ ನಿಯಮ ಬದಲಾಯಿಸಲು ಹೊರಟಾಗ ಗಾರ್ಮೆಂಟ್ಸ್ ಹೆಂಗಸರು ಸಾವಿರಗಟ್ಟಲೆ ಬೀದಿಗೆ ಇಳಿದು ಹೊಸೂರು ರಸ್ತೆ ಬಂದ್ ಮಾಡಿದ್ದರು, ಸರ್ಕಾರ ಆ ನಿಯಮ ವಾಪಸ್ ತೆಗೆದುಕೊಂಡಿತು, ನೆನಪಿದೆಯಾ? ಅವತ್ತು ಟಿವಿಯಲ್ಲಿ ಕಂಡಿದ್ದು ಟ್ರಾಫಿಕ್ ಜಾಮ್ ಮತ್ತೆ ಸುಟ್ಟ ಬಸ್ಸು. ಬೆಳಗ್ಗೆ ಡಬ್ಬಿ ಕಟ್ಟಿಕೊಂಡು ಹೋದವಳು ಮಧ್ಯಾಹ್ನ ರಸ್ತೆಯಲ್ಲಿ ಕೂತಿದ್ದು ಹೇಗೆ ಅಂತ ಅವಳೇ ಹೇಳುವುದನ್ನು ಇವರ ಹತ್ತಿರ ಒಂದು ತುಣುಕಿನಲ್ಲಿ ನೋಡಿದೆ. ಹಿಂದೆ ಸಂಗೀತ ಇರಲಿಲ್ಲ. ಇದೇ ತರಹ ನಮ್ಮದನ್ನೂ ಮಾಡಬಾರದಿತ್ತಾ ಅಂತ ಕೇಳಿದೆ. "ದುಡ್ಡು ಕೊಟ್ಟವರಿಗೆ ಮ್ಯೂಸಿಕ್ ಇಷ್ಟ ಅಂದುಕೊಂಡ್ವಿ" ಅಂದಳು. ನೋಡಿ, ಗಿರಾಕಿಗಳದ್ದೂ ತಪ್ಪಿರಬೇಕು!

ಮಾಡಿಸುವವರಿಗೆ ಇಷ್ಟು ಹೇಳುತ್ತೇನೆ. ಸಂಗೀತ, ಹಿನ್ನೆಲೆ ದನಿ ಬೇಡ ಅಂತ ಮೊದಲ ದಿನವೇ ಹೇಳಿಬಿಡಿ. ನಾಲ್ಕು ಜನ ಕೂತು ಮಾತಾಡುವುದಾದರೆ ನಾಲ್ಕು ಮೈಕ್ ತನ್ನಿ ಅಂತ ಬರೆಸಿಕೊಳ್ಳಿ. ಹಾರ್ಡ್ ಡಿಸ್ಕ್ ನೀವೇ ಎಸ್‌.ಪಿ. ರಸ್ತೆಯಲ್ಲಿ ಕೊಂಡು ಕೊಡಿ. ಇವರ ಕ್ಯಾಮೆರಾ ಸೆಕೆಂಡಿಗೆ ನೂರು ಮೆಗಾಬಿಟ್‌ನಲ್ಲಿ ಬರೆಯುತ್ತದೆ, ಅಂದರೆ ಗಂಟೆಗೆ 45 ಜಿಬಿ. ಹತ್ತು ಗಂಟೆ ಮಾತಾಡಿದರೆ ಹೆಚ್ಚುಕಡಿಮೆ ಅರ್ಧ ಟಿಬಿ. ಒಂದರ ಬದಲು ಎರಡು ಡಿಸ್ಕ್ ಮಾಡಿಸಿ, ಒಂದು ಬೇರೆ ಮನೆಯಲ್ಲಿರಲಿ. ನಮ್ಮ ಎರಡನೆಯದು ತಂಗಿ ಮನೆಯಲ್ಲಿದೆ. ಮದುವೆ ಸೀಸನ್ ಬಿಟ್ಟು, ಆಷಾಢದಲ್ಲಿ ಬುಕ್ ಮಾಡಿ, ಆಗ ಅವರಿಗೂ ಕೆಲಸ ಕಡಿಮೆ, ದರವೂ ಸ್ವಲ್ಪ ಇಳಿಸುತ್ತಾರೆ.

ಐದಕ್ಕೆ ಮೂರೂವರೆ ಕೊಡುತ್ತೇನೆ. ಮೊದಲ ಆವೃತ್ತಿ ಮಾತ್ರ ಆಗಿದ್ದರೆ ಎರಡು. ಸೋದರಮಾವ ಐಟಿಐನಲ್ಲಿ ಇದ್ದವರು, ಮಹಡಿ ಮೇಲೆ ಸಿನಿಮಾ ನೋಡಿದ ಮೇಲೆ ನಂದೂ ಆಗಲಿ ಅನ್ನುತ್ತಿದ್ದಾರೆ. ಬರುವ ಆಷಾಢಕ್ಕೆ ಅವರದ್ದು ಬುಕ್ ಆಗಿದೆ, ಈ ಸಲ ಮೈಕ್ ಲೆಕ್ಕ ತಂಗಿಯೇ ನೋಡಿಕೊಳ್ಳುತ್ತಾಳಂತೆ.